ಶತಪದಿಯ ಗಾಜಿನ ಪೆಟ್ಟಿಗೆ: ಹೀಟ್ ಮ್ಯಾಟ್ ಹಾಕಿದ ಮೇಲೆ ಜರಿ ಬಿಲಕ್ಕೆ ಇಳಿಯುತ್ತಿಲ್ಲ

ಪ್ರಶ್ನೆ: ನಮಸ್ಕಾರ. ಇಂಗ್ಲೆಂಡಿನ ಲೀಡ್ಸ್‌ನಲ್ಲಿರುವ ನಾನು ಸ್ಕೊಲೊಪೆಂಡ್ರಾ ಸಬ್‌ಸ್ಪಿನಿಪಿಸ್ ಜಾತಿಯ ಶತಪದಿಯೊಂದನ್ನು ಸಾಕಿದ್ದೇನೆ. ಚಳಿಗಾಲದ ರಾತ್ರಿಗಳಲ್ಲಿ ಕೋಣೆಯ ಉಷ್ಣತೆ 16 ಡಿಗ್ರಿಗೆ ಇಳಿಯುವುದರಿಂದ ಪೆಟ್ಟಿಗೆಯ ಅಡಿಯಲ್ಲಿ ಹೀಟ್ ಮ್ಯಾಟ್ (ವಿದ್ಯುತ್ತಿನಿಂದ ಕಾಯುವ ತೆಳು ಹಾಸು) ಇರಿಸಿದ್ದೇನೆ. ಅಂದಿನಿಂದ ಅದು ಹಗಲಿನಲ್ಲೂ ಮೇಲೆಯೇ ಓಡಾಡುತ್ತ, ಮುಚ್ಚಳದ ಅಂಚನ್ನು ಮೀಸೆಗಳಿಂದ ತಡವುತ್ತಿದೆ. ದಿನವೂ ನೀರು ಚಿಮುಕಿಸಿದರೂ ತಳದ ಕೊಕೊಪೀಟ್ (ತೆಂಗಿನ ನಾರಿನ ಹಾಸು) ಒಣಗಿ ಪುಡಿಯಾಗಿದೆ. ಮೇಲಿಟ್ಟ ಥರ್ಮಾಮೀಟರ್ ಮಾತ್ರ 24 ಡಿಗ್ರಿಯನ್ನೇ ತೋರಿಸುತ್ತಿದೆ. ಕಾರಣವೇನೆಂದು ದಯವಿಟ್ಟು ತಿಳಿಸಿ.

ಉತ್ತರ: ಕಾರಣ ಅಡಿಯಲ್ಲಿರುವ ಮ್ಯಾಟ್. ಬಿಸಿಲ ಝಳ ಹೆಚ್ಚಾದಾಗ ಶತಪದಿ ತಂಪನ್ನು ಹುಡುಕಿ ಕೆಳಕ್ಕೆ ಇಳಿಯುತ್ತದೆ; ನಿಮ್ಮ ಪೆಟ್ಟಿಗೆಯಲ್ಲಿ ಇಳಿದಷ್ಟೂ ಕಾವು ಹೆಚ್ಚು, ತೇವ ಕಡಿಮೆ. ಮೈಯಿಂದ ನೀರು ಬಲು ಬೇಗ ಆರಿಹೋಗುವ ಈ ಜೀವಿಗೆ ಚಳಿಗಿಂತಲೂ ಒಣಗುವಿಕೆಯೇ ದೊಡ್ಡ ಅಪಾಯವಾದ್ದರಿಂದ ಮ್ಯಾಟನ್ನು ಇಂದೇ ತೆಗೆಯಿರಿ. ಅದನ್ನು ಒಂದು ಪಕ್ಕದ ಗಾಜಿನ ಹೊರಮೈಗೆ, ಮಣ್ಣಿನ ಮಟ್ಟಕ್ಕಿಂತ ಮೇಲೆ ಅಂಟಿಸಿದರೆ ಆ ಬದಿಯ ಗಾಳಿ ಬೆಚ್ಚಗಾಗಿ, ಎದುರು ಬದಿಯೂ ತಳವೂ ತಂಪಾಗಿ ಉಳಿಯುತ್ತವೆ. ಬೆಚ್ಚಗಿನ ಬದಿಯಲ್ಲಿ 26ರಿಂದ 28 ಡಿಗ್ರಿ ಸಾಕು.

ಕಾವು ಮಿತಿ ಮುಟ್ಟಿದಾಗ ಮ್ಯಾಟನ್ನು ತಾನಾಗಿ ಆರಿಸುವ ಥರ್ಮೋಸ್ಟಾಟ್ ಇಲ್ಲದೆ ಮ್ಯಾಟ್ ಬಳಸಲೇಬಾರದು. ಅದರ ಪ್ರೋಬನ್ನು (ಉಷ್ಣತೆ ಅಳೆಯುವ ತಂತಿಯ ತುದಿಯನ್ನು) ಮ್ಯಾಟ್ ಇರುವ ಗಾಜಿಗೇ ಟೇಪಿನಿಂದ ಭದ್ರಪಡಿಸಿ. ಅದು ಕಳಚಿ ಒದ್ದೆ ಮಣ್ಣಿಗೆ ಬಿದ್ದರೆ ಪೆಟ್ಟಿಗೆ ತಣ್ಣಗಿದೆಯೆಂದೇ ಎಣಿಸಿ ಥರ್ಮೋಸ್ಟಾಟ್ ಮ್ಯಾಟನ್ನು ಆರಿಸದೆ ಕಾಯಿಸುತ್ತಲೇ ಇರುತ್ತದೆ. ಬಿಸಿ ದೀಪವೂ ಬೇಡ, ಏಕೆಂದರೆ ಶತಪದಿ ನಿಶಾಚರಿ. ಮೇಲಾಗಿ ದೀಪ ಗಾಳಿಯನ್ನೂ ಒಣಗಿಸುತ್ತದೆ. ಕೊಕೊಪೀಟ್ ಕನಿಷ್ಠ 10 ಸೆಂಟಿಮೀಟರ್ ದಪ್ಪವಿರಲಿ. ಮೇಲೆ ಚಿಮುಕಿಸುವ ಬದಲು, ತಂಪಿನ ಬದಿಯ ಮೂಲೆಯಲ್ಲಿ ನೀರನ್ನು ನಿಧಾನವಾಗಿ ಸುರಿದು ತಳದವರೆಗೂ ಇಂಗಿಸಿ; ತಳದಲ್ಲಿ ನೀರು ನಿಲ್ಲುವಷ್ಟು ಬೇಡ. ಇದರ ಕಡಿತ ತೀವ್ರ ನೋವು ತರುವುದರಿಂದ ಒಳಗಿನ ಪ್ರತಿ ಕೆಲಸಕ್ಕೂ ಉದ್ದನೆಯ ಚಿಮುಟವನ್ನೇ ಬಳಸಿ.

ಪ್ರಶ್ನೆ: ಧನ್ಯವಾದಗಳು. ಮ್ಯಾಟನ್ನು ಪಕ್ಕಕ್ಕೆ ಅಂಟಿಸಿದ್ದೇನೆ, ಜರಿ ಮತ್ತೆ ಬಿಲಕ್ಕೆ ಇಳಿದಿದೆ. ಆದರೆ ಜಿರಳೆ ಕೊಟ್ಟರೆ ಮುಟ್ಟುತ್ತಿಲ್ಲ. ಉಷ್ಣತೆಯನ್ನು ಇನ್ನೂ ಏರಿಸಬೇಕೇ?

ಉತ್ತರ: ಬೇಡ. ಪೊರೆ ಬಿಡುವ ಮುನ್ನ ಶತಪದಿಗಳು ಆಹಾರ ಬಿಟ್ಟು ಮಂಕಾಗಿ ಇರುವುದು ಸಹಜ. ಜೀವಂತ ಜಿರಳೆ ಒಳಗೆ ಉಳಿದಿದ್ದರೆ ಕೂಡಲೇ ತೆಗೆಯಿರಿ; ಪೊರೆ ಬಿಟ್ಟ ಮೆತ್ತನೆಯ ಮೈಯನ್ನು ಅದು ಕಚ್ಚಬಹುದು. ನೀರಿನ ಬಟ್ಟಲು ಸದಾ ತುಂಬಿರಲಿ, ಬಿಲವನ್ನು ಅಗೆದು ನೋಡಬೇಡಿ.