ಅಪ್ಪನ ಪುಸ್ತಕಗಳನ್ನು ಕೊಟ್ಟುಬಿಡಲಾ?

ಅಪ್ಪ ತೀರಿಕೊಂಡು ಒಂದು ವರ್ಷವಾಯಿತು. ಅವರ ಸುಮಾರು 400 ಕನ್ನಡ ಪುಸ್ತಕಗಳಿವೆ. ನಾವು ಚಿಕ್ಕ ಮನೆಗೆ ಹೋಗುತ್ತಿದ್ದೇವೆ. ಈಗ ಎಲ್ಲ ಫೋನಿನಲ್ಲೇ ಸಿಗುತ್ತಲ್ವಾ, ಇವನ್ನು ಕೊಟ್ಟುಬಿಡಬಹುದಾ? ಇಂಥ ಕೆಲಸ ಮಾಡಿದವರು ದಯವಿಟ್ಟು ಹೇಳಿ.

ಮೊದಲ ಉತ್ತರ

ಅವಸರ ಮಾಡಬೇಡಿ. ನಮ್ಮ ತಾತನ ಪುಸ್ತಕಗಳನ್ನು ನಾನು ನಾಲ್ಕು ಚೀಲ ಕಟ್ಟಿ ರದ್ದಿಗೆ ಹಾಕಿಬಿಟ್ಟೆ. ಮಂಚದ ಕೆಳಗೆ ಸೇರಿಕೊಂಡಿದ್ದ ಒಂದು ಮಾತ್ರ ಉಳಿಯಿತು. ಅದರೊಳಗೆ ಮಾಸಿದ ಬಸ್ ಟಿಕೆಟ್ ಇತ್ತು. ಒಂದು ಪುಟದ ಅಂಚಿನಲ್ಲಿ ಪೆನ್ಸಿಲಿನಲ್ಲಿ ‘ಇದು ಸರಿಯಲ್ಲ’ ಅಂತ ಬರೆದಿದ್ದರು. ಏನು ಸರಿಯಲ್ಲ ಅನ್ನಿಸಿತ್ತೋ ಅಂತ ಆ ಪುಟವನ್ನು ಎಷ್ಟು ಸಲ ಓದಿದ್ದೇನೋ ಲೆಕ್ಕವಿಲ್ಲ. ಉಳಿದವುಗಳಲ್ಲಿ ಏನೇನು ಬರೆದಿದ್ದರೋ!

ಎಲ್ಲ ಫೋನಿನಲ್ಲಿ ಸಿಗುತ್ತೆ ಅನ್ನೋದು ಕನ್ನಡದ ಮಟ್ಟಿಗೆ ನಿಜವಲ್ಲ. 2016ರಲ್ಲಿ ಅಮೆಜಾನ್‌ನ ಇ-ಪುಸ್ತಕದ ಅಂಗಡಿ ಕಿಂಡಲ್‌ಗೆ ತಮಿಳು, ಮಲಯಾಳಂ, ಮರಾಠಿ, ಗುಜರಾತಿ, ಹಿಂದಿ ಪುಸ್ತಕಗಳು ಬಂದವು, ಕನ್ನಡಕ್ಕೆ ಜಾಗ ಸಿಗಲಿಲ್ಲ. ಈಗ ಮೈಲ್ಯಾಂಗ್‌ನಂಥ ಆ್ಯಪ್‌ಗಳಲ್ಲಿ ಹೊಸ ಪುಸ್ತಕಗಳು ಸಿಗುತ್ತವೆ, ನಾನೂ ಕೊಂಡು ಓದುತ್ತೇನೆ. ಹಳೆಯವಕ್ಕೆ ಆರ್ಕೈವ್ ಡಾಟ್ ಆರ್ಗ್ ಅನ್ನೋ ಜಾಲತಾಣ ನೋಡಿ, ಸ್ಕ್ಯಾನ್ ಮಾಡಿದ ಹಳೆಯ ಪುಸ್ತಕಗಳು ಅಲ್ಲಿವೆ. ಅಲ್ಲಿ ಹೆಸರುಗಳು ಹೆಚ್ಚಾಗಿ ಇಂಗ್ಲಿಷ್ ಅಕ್ಷರದಲ್ಲಿವೆ, ಒಬ್ಬೊಬ್ಬರ ಕಾಗುಣಿತ ಒಂದೊಂದು ಥರ. ನಾಲ್ಕೈದು ರೀತಿ ಹುಡುಕಿ. ಸಿಕ್ಕಿದ ಮೇಲೂ ಪುಟ ತಿರುಗಿಸಿ ನೋಡಿ. ಕೆಲವು ಸ್ಕ್ಯಾನ್‌ಗಳಲ್ಲಿ ಸಾಲಿನ ಕೊನೆ ಕತ್ತರಿಸಿಹೋಗಿದೆ, ಕೆಲವದರಲ್ಲಿ ಪುಟಗಳೇ ಇಲ್ಲ.

ನಾನಾಗಿದ್ದರೆ ಮೊದಲು ಒಂದು ಪಟ್ಟಿ ಮಾಡುತ್ತಿದ್ದೆ. ಅಪ್ಪನ ಅಕ್ಷರ ಇರುವುದು, ಮರುಮುದ್ರಣ ಆಗದೇ ಇರುವುದು, ನಿಮ್ಮ ಊರಿನ ಸಣ್ಣ ಪ್ರಕಾಶಕರದ್ದು, ಇಷ್ಟು ನಿಮ್ಮ ಹತ್ತಿರವೇ ಇರಲಿ. ಅಂಗಡಿಯಲ್ಲಿ ಇವತ್ತೂ ಸಿಗುವುದನ್ನು ಧೈರ್ಯವಾಗಿ ಕೊಡಿ.

ಎರಡನೇ ಉತ್ತರ

ಫೋನನ್ನೂ ತೀರಾ ತಳ್ಳಿಹಾಕಬೇಡಿ. ನಮ್ಮ ಅಮ್ಮನಿಗೆ ಕಣ್ಣು ಮಂಜಾಗಿ ಓದುವುದೇ ನಿಂತುಹೋಗಿತ್ತು. ಇ-ಪುಸ್ತಕದಲ್ಲಿ ಅಕ್ಷರ ದೊಡ್ಡದು ಮಾಡಿಕೊಟ್ಟೆ. ಒಂದು ಸಾಲಿಗೆ ಮೂರೇ ಪದ ಬರುತ್ತೆ, ಆದರೂ ಬೆರಳಲ್ಲಿ ಮೇಲೆ ತಳ್ಳಿಕೊಂಡು ಇಡೀ ಕಾದಂಬರಿ ಮುಗಿಸಿದರು. ಸ್ಕ್ಯಾನ್ ಮಾಡಿದ ಪಿಡಿಎಫ್‌ನಲ್ಲಿ ಇದು ಆಗಲ್ಲ, ಅದು ಬರೀ ಚಿತ್ರ. ಹಿಗ್ಗಿಸಿದರೆ ಸಾಲು ಪರದೆಯ ಆಚೆ ಹೋಗುತ್ತೆ. ಕೊಳ್ಳುವಾಗ ಇಪಬ್, ಅಂದರೆ ಅಕ್ಷರ ದೊಡ್ಡದು ಮಾಡಿದರೆ ಸಾಲು ತಾನೇ ಪರದೆಗೆ ಹೊಂದಿಕೊಳ್ಳುವ ಇ-ಪುಸ್ತಕ, ಇದೆಯಾ ಅಂತ ಕೇಳಿ.

ಆದರೆ ದುಡ್ಡು ಕೊಟ್ಟ ಮಾತ್ರಕ್ಕೆ ಅದು ಕೊನೆವರೆಗೂ ನಮ್ಮದು ಅಂತ ಹೇಳಕ್ಕಾಗಲ್ಲ. 2019ರಲ್ಲಿ ಮೈಕ್ರೋಸಾಫ್ಟ್ ತನ್ನ ಇ-ಪುಸ್ತಕದ ಅಂಗಡಿ ಮುಚ್ಚಿತು. ಹಣ ವಾಪಸ್ ಕೊಟ್ಟರು, ಕೊಂಡವರ ಪುಸ್ತಕಗಳು ಮಾತ್ರ ಹೋದವು.

ಮೂರನೇ ಉತ್ತರ

ಗ್ರಂಥಾಲಯಕ್ಕೆ ಕೊಡುವುದಾದರೆ ಮೊದಲು ಪಟ್ಟಿ ತೋರಿಸಿ, ಯಾವುದು ಬೇಕು ಅಂತ ಕೇಳಿ. ನಾವು ಕೇಳದೆ ಆಟೋದಲ್ಲಿ ತುಂಬಿಕೊಂಡು ಹೋಗಿ ಇಳಿಸಿ ಬಂದೆವು. ಆರು ತಿಂಗಳಾದ ಮೇಲೆ ಹೋಗಿ ನೋಡಿದರೆ ಅದೇ ಡಬ್ಬ, ಅದೇ ದಾರ, ನಾನೇ ಹಾಕಿದ ಗಂಟು. ಕೆಳಗಿನ ಸಾಲಿನ ಪುಸ್ತಕಗಳಿಗೆ ಗೆದ್ದಲು ಹತ್ತಿತ್ತು. ಉಳಿದವನ್ನು ವಾಪಸ್ ತಂದು, ಓದುವ ಹುಡುಗರನ್ನು ಹುಡುಕಿ ಒಂದೊಂದಾಗಿ ಕೊಟ್ಟೆ. ಇನ್ನೂ ಹನ್ನೊಂದು ಇವೆ.