ಹಳೆಯ ರಾಕ್ ಕ್ಯಾಸೆಟ್ಟುಗಳನ್ನು ಉಳಿಸಿಕೊಳ್ಳುವುದು ಹೇಗೆ?

ಪ್ರಶ್ನೆ (ರಾಯಚೂರು):
ನಮ್ಮ ಸೋದರಮಾವ ತೊಂಬತ್ತರ ದಶಕದಲ್ಲಿ ಬೆಂಗಳೂರಿನಲ್ಲಿ ಓದುತ್ತಿದ್ದಾಗ ಕಾಲೇಜು ಉತ್ಸವಗಳ ರಾಕ್ ತಂಡಗಳನ್ನು ಧ್ವನಿಮುದ್ರಿಸಿಕೊಂಡ ಎಪ್ಪತ್ತೆರಡು ಕ್ಯಾಸೆಟ್ಟುಗಳೂ ‘ರಾಕ್ ಸ್ಟ್ರೀಟ್ ಜರ್ನಲ್’ ಪತ್ರಿಕೆಯ ಕೆಲವು ಸಂಚಿಕೆಗಳೂ ಕಬ್ಬಿಣದ ಟ್ರಂಕಿನಲ್ಲಿ ನಮ್ಮ ಅಟ್ಟ ಸೇರಿವೆ. ಕೆಲವು ಟೇಪುಗಳ ಅಂಚಿಗೆ ಬಿಳಿ ಪುಡಿ ಹತ್ತಿದೆ. ರಾಕ್ ಎಂದರೆ ಮಸ್ಕಿಯ ಬಂಡೆಯಷ್ಟೇ ಎಂದು ತಿಳಿದಿರುವ ನಮ್ಮ ಮನೆಯವರು ಇವನ್ನು ಗುಜರಿಗೆ ಹಾಕು ಎನ್ನುತ್ತಿದ್ದಾರೆ. ಇವುಗಳಿಗೆ ನಿಜವಾಗಿ ಬೆಲೆ ಇದೆಯೇ?

ಉತ್ತರ (ಬಳ್ಳಾರಿ):
ಮೊದಲು ಟ್ರಂಕನ್ನು ಅಟ್ಟದಿಂದ ಇಳಿಸಿ. ನಮ್ಮ ಕಡೆಯ ಬಿಸಿಲು ಟೇಪಿಗೆ ಆಗಿಬರುವುದಿಲ್ಲ. ಪ್ರತಿ ಕ್ಯಾಸೆಟ್ಟಿನ ಬೆನ್ನಿನಲ್ಲಿರುವ ಎರಡು ಪ್ಲಾಸ್ಟಿಕ್ ಹಲ್ಲುಗಳನ್ನು ಮುರಿದುಬಿಟ್ಟರೆ ಯಾರೂ ಕೈತಪ್ಪಿ ಅದರ ಮೇಲೆ ಮತ್ತೊಂದನ್ನು ಮುದ್ರಿಸಲಾರರು. ಬಿಳಿ ಪುಡಿ ಬೂಷ್ಟೇ ಇರಬೇಕು, ಆದ್ದರಿಂದ ಅಂಥವನ್ನು ಬೇರೆಯಿಡಿ, ನುಡಿಸಬೇಡಿ. ಅದು ಟೇಪನ್ನು ಓದುವ ಯಂತ್ರಭಾಗವಾದ ಹೆಡ್ಡಿಗೆ ಮೆತ್ತಿಕೊಂಡು ಉಳಿದವಕ್ಕೂ ಹರಡುತ್ತದೆ. ಒಳ್ಳೆಯವನ್ನು ನುಡಿಸುವಾಗ ಹೆಡ್ಡಿನ ಪಕ್ಕದ ಸಣ್ಣ ತಿರುಪನ್ನು ನಿಧಾನವಾಗಿ ತಿರುಗಿಸುತ್ತ ಹೋದರೆ, ಕಂಬಳಿ ಹೊದ್ದಂತಿದ್ದ ತಾಳವಾದ್ಯದ ಝಲ್ಲೆನ್ನುವ ಸದ್ದು ಒಂದು ಹಂತದಲ್ಲಿ ತಟ್ಟನೆ ತಿಳಿಯಾಗುತ್ತದೆ, ಅಲ್ಲಿಗೇ ನಿಲ್ಲಿಸಿ. ಕಂಪ್ಯೂಟರಿಗೆ 24 ಬಿಟ್, 96 ಕಿಲೋಹರ್ಟ್ಸ್ ಗುಣಮಟ್ಟದಲ್ಲಿ ಮುದ್ರಿಸಿಕೊಂಡರೆ ಗಂಟೆಗೆ ಸುಮಾರು 2 ಜಿಬಿ ಬೇಕಾಗುತ್ತದೆ. ಎರಡು ಪ್ರತಿ ಮಾಡಿ, ಒಂದನ್ನು ಬೇರೆ ಊರಿನಲ್ಲಿಡಿ.

ಉತ್ತರ (ಸಿಂಧನೂರು):
ಅವುಗಳಲ್ಲಿ ಮುಕ್ಕಾಲು ಪಾಲು ವಿದೇಶಿ ಹಾಡುಗಳ ನಕಲೇ ಇರುತ್ತದೆ. ಅದೆಂಥ ಇತಿಹಾಸ?

ಉತ್ತರ (ಗಂಗಾವತಿ):
ನಕಲು ಇರಬಹುದು, ಆದರೆ ಯಾವ ಊರಿನ ಹುಡುಗರು ಯಾವ ವರ್ಷ ಯಾವ ಹಾಡನ್ನು ಆರಿಸಿಕೊಂಡರು ಎಂಬುದೂ ಇತಿಹಾಸವೇ. ಸಿಗರೇಟು ಕಂಪನಿಯೊಂದು ರಾಕ್ ತಂಡಗಳಿಗಾಗಿ ನಡೆಸುತ್ತಿದ್ದ ಸಿಮ್ಲಾ ಬೀಟ್ ಸ್ಪರ್ಧೆಯ 1970 ಮತ್ತು 1971ರ ಧ್ವನಿಮುದ್ರಿಕೆಗಳು ಉಳಿದಿರುವುದರಿಂದಲೇ ಆ ಕಾಲದ ತಂಡಗಳ ದನಿ ನಮಗೆ ಕೇಳಿಸುತ್ತಿದೆ. ನಿಮ್ಮ ಟ್ರಂಕಿನಲ್ಲಿರುವ ಪತ್ರಿಕೆಯನ್ನು ಅಮಿತ್ ಸೈಗಲ್ 1993ರಲ್ಲಿ ಆರಂಭಿಸಿದ್ದು ಮುಂಬೈಯಲ್ಲಲ್ಲ, ಅಲಹಾಬಾದಿನಲ್ಲಿ. ಸ್ವತಃ ಗಿಟಾರ್ ನುಡಿಸುತ್ತಿದ್ದ ಅವರು ದೇಶದ ತಂಡಗಳ ಸುದ್ದಿಯನ್ನು ಅಂಥ ಊರಿನಲ್ಲಿ ಕುಳಿತೇ ಅಚ್ಚು ಹಾಕಿದರು. 2012ರ ಜನವರಿಯಲ್ಲಿ ಗೋವಾದ ಕಡಲಿನಲ್ಲಿ ತೀರಿಕೊಂಡರು. ಅವರ ಕೆಲಸ ನೋಡಿದ ಮೇಲೆ, ಇಂಥ ಸಂಗ್ರಹ ರಾಯಚೂರಿನಲ್ಲೇಕೆ ಎಂದು ಯಾರಾದರೂ ಕೇಳುವುದು ನನಗೆ ಸರಿಕಾಣುವುದಿಲ್ಲ.

ಇನ್ನೊಂದು ಮಾತು: ಮಾವನವರನ್ನು ಕೂರಿಸಿ ಪ್ರತಿ ಕ್ಯಾಸೆಟ್ಟಿನ ಊರು, ವರ್ಷ, ವಾದಕರ ಹೆಸರು ಬರೆದುಕೊಳ್ಳಿ. ಹೆಸರಿಲ್ಲದ ದನಿಯನ್ನು ಯಾವ ಸಂಗ್ರಹಾಲಯವೂ ಗುರುತಿಸಲಾರದು. ಧ್ವನಿಮುದ್ರಿಸಿದವರು ಅವರೇ ಆದರೂ ಹಾಡು, ವಾದನ ಬೇರೆಯವರವು. ಕೇಳದೆ ಅಂತರ್ಜಾಲಕ್ಕೆ ಏರಿಸಬೇಡಿ.

ಪ್ರಶ್ನೆ ಕೇಳಿದವರು:
ನಿನ್ನೆ ರಾತ್ರಿ ಮಾವನ ಜೊತೆ ಕುಳಿತೆ. ‘ಮಳೆ, ಎರಡನೇ ದಿನ’ ಎಂದಷ್ಟೇ ಬರೆದಿದ್ದ ಕ್ಯಾಸೆಟ್ಟು ಕೇಳಿ ಡ್ರಮ್ಮರ್‌ನ ಹೆಸರು ಹೇಳಿದರು, ಗಿಟಾರಿನವನದು ನೆನಪಾಗಲಿಲ್ಲ. ಹಾಡು ಮುಗಿದ ಮೇಲೂ ಟೇಪು ಓಡುತ್ತಲೇ ಇತ್ತು: ಚಪ್ಪಾಳೆ, ಕೊಡೆ ಬಿಚ್ಚುವ ಸದ್ದು, ಆಮೇಲೆ ರಾಯಚೂರಿನ ಕೊನೆಯ ಬಸ್ಸು ಎಷ್ಟು ಗಂಟೆಗೆ ಎಂದು ಯಾರನ್ನೋ ಕೇಳುತ್ತಿರುವ ಮಾವನದೇ ಎಳೆಯ ದನಿ. ಟ್ರಂಕು ಈಗ ನನ್ನ ಕೋಣೆಯಲ್ಲಿದೆ.