ಸಿಎಚ್‌ಡಿ ಮಾಡಿದ ಮೇಲೆ ‘ರಿಡ್ಜ್ ರೇಸರ್’ನಲ್ಲಿ ಹಾಡೇ ಇಲ್ಲ

ಪ್ರಶ್ನೆ:
ನನ್ನ ಹಳೆಯ ಪ್ಲೇಸ್ಟೇಷನ್ 1 ಡಿಸ್ಕ್‌ಗಳನ್ನು ಕಂಪ್ಯೂಟರಿಗೆ ಇಳಿಸಿಕೊಂಡು, ಜಾಗ ಉಳಿಸಲೆಂದು ಸಿಎಚ್‌ಡಿಗೆ (ಡಿಸ್ಕಿನ ಪ್ರತಿಯನ್ನು ಕುಗ್ಗಿಸಿಡುವ ಕಡತಕ್ಕೆ) ಬದಲಾಯಿಸುತ್ತಿದ್ದೇನೆ. ತಕರಾರು ‘ರಿಡ್ಜ್ ರೇಸರ್’ನದು. ಕಾರು ಓಡುತ್ತದೆ, ಎಂಜಿನ್ ಸದ್ದೂ ಇದೆ, ಹಾಡು ಮಾತ್ರ ಇಲ್ಲ. ನೂರಾರು ಎಂಬಿ ಇದ್ದದ್ದು ಕೆಲವೇ ಎಂಬಿಗೆ ಇಳಿಯಿತೆಂದು ಹಿಗ್ಗಿದ್ದೆ. ಸಿಎಚ್‌ಡಿ ಮಾಡುವ ತಂತ್ರಾಂಶವಾದ ಸಿಎಚ್‌ಡಿಮ್ಯಾನ್‌ನಲ್ಲಿ ‘ವೆರಿಫೈ’ ಆದೇಶ ಕೊಟ್ಟರೆ ದೋಷವಿಲ್ಲ ಎನ್ನುತ್ತದೆ. ಎಮ್ಯುಲೇಟರಿನ (ಕಂಪ್ಯೂಟರಿನಲ್ಲಿ ಪ್ಲೇಸ್ಟೇಷನ್ ಆಟ ಆಡಿಸುವ ತಂತ್ರಾಂಶದ) ತೊಂದರೆಯೇ?

ಉತ್ತರ:
ಎಮ್ಯುಲೇಟರನ್ನು ಬೈಯಬೇಡಿ. ನೀವು ಹಿಗ್ಗಿದ ಕಡೆಯೇ ನನಗೆ ಅನುಮಾನ. ಈ ಆಟದ ಹಾಡುಗಳು ಮಾಮೂಲಿ ಆಡಿಯೊ ಸಿಡಿಯಲ್ಲಿರುವಂತೆ ಬೇರೆ ಬೇರೆ ಟ್ರ್ಯಾಕ್‌ಗಳಲ್ಲಿವೆ. ಡಿಸ್ಕಿನ ಬಹುಪಾಲು ಅವೇ. (ಆಟ ಲೋಡ್ ಆದ ಮೇಲೆ ಡಿಸ್ಕ್ ತೆಗೆದು ನಮ್ಮಿಷ್ಟದ ಹಾಡಿನ ಸಿಡಿ ಹಾಕಿ ಆಡಬಹುದಿತ್ತು!) ಸಿಎಚ್‌ಡಿ ಆ ಹಾಡುಗಳನ್ನು ಫ್ಲ್ಯಾಕ್ ವಿಧಾನದಲ್ಲಿ ಕುಗ್ಗಿಸುತ್ತದೆ. ಅದರಲ್ಲಿ ದನಿ ಕಿಂಚಿತ್ತೂ ಕೆಡುವುದಿಲ್ಲ, ಹಾಗಾಗಿಯೇ ಗಾತ್ರವೂ ಅಷ್ಟೊಂದು ಇಳಿಯುವುದಿಲ್ಲ. ‘ವೆರಿಫೈ’ ನೋಡುವುದು ಸಿಎಚ್‌ಡಿಯ ಒಳಗಿರುವುದು ಕೆಟ್ಟಿದೆಯೇ ಎಂದಷ್ಟೇ. ಒಳಗೆ ಬರದೇ ಹೋದದ್ದು ಅದಕ್ಕೆ ಹೇಗೆ ಗೊತ್ತಾಗಬೇಕು? ಕ್ಯೂ ಕಡತವನ್ನು (ಡಿಸ್ಕಿನ ಟ್ರ್ಯಾಕ್‌ಗಳ ಪಟ್ಟಿ) ನೋಟ್‌ಪ್ಯಾಡಿನಲ್ಲಿ ತೆರೆದು ನೋಡಿ. ಡಿಸ್ಕಿನಿಂದ ಇಳಿಸಿಕೊಂಡ ಮೂಲ ಬಿನ್ ಕಡತಗಳನ್ನು ಅಳಿಸಿಲ್ಲ ತಾನೆ?

ಪ್ರಶ್ನೆ ಕೇಳಿದವರು:
ಬಿನ್‌ಗಳು ಇವೆ. ಕ್ಯೂ ಕಳೆದುಹೋಗಿತ್ತು, ನಾನೇ ಬರೆದೆ. ‘ಟ್ರ್ಯಾಕ್ 01 ಮೋಡ್2/2352’ ಎಂಬಲ್ಲಿಗೆ ಮುಗಿಯುತ್ತದೆ.

ಉತ್ತರ:
ಸಿಕ್ಕಿತಲ್ಲ. ಅದು ಆಟದ ದತ್ತಾಂಶದ ಟ್ರ್ಯಾಕ್ ಮಾತ್ರ, ಹಾಡಿನದಲ್ಲ. ಸಿಎಚ್‌ಡಿಮ್ಯಾನ್ ಕ್ಯೂನಲ್ಲಿ ಹೆಸರಿರುವ ಕಡತಗಳನ್ನಷ್ಟೇ ಒಳಗೆ ಸೇರಿಸುತ್ತದೆ. ಅದೇ ಫೋಲ್ಡರಿನಲ್ಲಿ ಪಕ್ಕದಲ್ಲೇ ಕುಳಿತಿರುವ ಬಿನ್‌ಗಳತ್ತ ತಿರುಗಿಯೂ ನೋಡುವುದಿಲ್ಲ. ಉಳಿದ ಪ್ರತಿ ಬಿನ್ನಿಗೂ ‘ಟ್ರ್ಯಾಕ್ 02 ಆಡಿಯೊ’, ‘ಟ್ರ್ಯಾಕ್ 03 ಆಡಿಯೊ’ ಎಂದು ಕ್ರಮವಾಗಿ ಸೇರಿಸಿ, ‘ಕ್ರಿಯೇಟ್‌ಸಿಡಿ’ ಮತ್ತೊಮ್ಮೆ ನಡೆಸಿ.

ಪ್ರಶ್ನೆ ಕೇಳಿದವರು:
ಹಾಡು ಬಂತು! ಆದರೆ ಪ್ರತಿ ಹಾಡೂ ಎರಡು ಸೆಕೆಂಡು ಸುಮ್ಮನಿದ್ದು ಶುರುವಾಗುತ್ತದೆ.

ಉತ್ತರ:
ಎಚ್ಚರಿಸಲು ಮರೆತೆ, ತಪ್ಪು ನನ್ನದು. ಟ್ರ್ಯಾಕ್‌ಗಳ ನಡುವಿನ ಮೌನವೂ ನಿಮ್ಮ ಬಿನ್ನಿನೊಳಗೇ ಇದೆ. ಹಾಡಿನ ಟ್ರ್ಯಾಕಿಗೆ ‘ಇಂಡೆಕ್ಸ್ 00 00:00:00’, ಅದರ ಕೆಳಗೆ ‘ಇಂಡೆಕ್ಸ್ 01 00:02:00’ ಎಂದು ಬರೆಯಿರಿ; ಮೊದಲನೆಯದು ಮೌನ ಶುರುವಾಗುವ ಜಾಗ, ಎರಡನೆಯದು ಹಾಡು ಶುರುವಾಗುವ ಜಾಗ. ಇಷ್ಟೆಲ್ಲ ಕೈಯಲ್ಲಿ ತಿದ್ದುವ ಬದಲು ಡಿಸ್ಕನ್ನೇ ಇನ್ನೊಮ್ಮೆ ಇಳಿಸಿಕೊಂಡರೆ ಸರಿಯಾದ ಕ್ಯೂ ತಾನಾಗಿ ಸಿಗುತ್ತದೆ. ನಾನಾಗಿದ್ದರೆ ಅದನ್ನೇ ಮಾಡುತ್ತಿದ್ದೆ. ಉಳಿದ ಸಿಎಚ್‌ಡಿಗಳಿಗೂ ‘ಇನ್ಫೋ’ ಕೊಟ್ಟು ಟ್ರ್ಯಾಕ್‌ಗಳನ್ನು ಎಣಿಸಿಬಿಡಿ.

ಪ್ರಶ್ನೆ ಕೇಳಿದವರು:
ಎಣಿಸಿದೆ. ಇನ್ನೊಂದು ಆಟದಲ್ಲೂ ಒಂದೇ ಟ್ರ್ಯಾಕ್. ಅದರ ಬಿನ್‌ಗಳನ್ನು ಹೋದ ವಾರವೇ ಅಳಿಸಿದ್ದೇನೆ. ಡಿಸ್ಕ್ ಹುಡುಕಲು ಅಟ್ಟ ಹತ್ತುತ್ತಿದ್ದೇನೆ.